ಇಪ್ಪತ್ತಕ್ಕೊಂದು ಕಟ್ಟು

ಒಳಗೆ ಬಾ. ಬೂಟು ಬಾಗಿಲಲ್ಲೇ ಇರಲಿ.
ವಿಶ್ವವಿದ್ಯಾಲಯದಿಂದ ಅಂದಾಗ ಗಡ್ಡದವರು ಯಾರೋ ಅಂದುಕೊಂಡಿದ್ದೆ,
ನೀನು ನೋಡಿದರೆ ನನ್ನ ಮೊಮ್ಮಗಳ ಎತ್ತರ.
ಒಲೆ ಹತ್ತಿರ ಕೂತುಕೋ. ತಲೆಯ ಮೇಲೆ
ಹೊಗೆಯಲ್ಲಿ ತೂಗುತ್ತಿದೆಯಲ್ಲ ಕಪ್ಪು ಕಡ್ಡಿಗಳ ಕಟ್ಟು,
ನೀನು ಕೇಳಿಕೊಂಡು ಬಂದದ್ದು ಅದೇ.

ಸಾನ್ಶೋ ಮೀನು ಅನ್ನುತ್ತೇವೆ.
ಮೀನಲ್ಲ, ಗೊತ್ತು. ಹಲ್ಲಿಯೂ ಅಲ್ಲ.
ಹಿಡಿದ ಕೈಗೆ ಜುಮ್ಮನಕಾಯಿ ಜಜ್ಜಿದ ಘಮ ಅಂತ ಹಿರಿಯರು;
ನನ್ನ ಮೂಗಿಗೆ ಬಂದದ್ದು ಬರೀ ತಣ್ಣೀರು.

ಐಝು ಸೀಮೆಯ ಈ ಮೂಲೆಯಲ್ಲಿ ಭತ್ತ ಬೆಳೆಯುವುದಿಲ್ಲ.
ಅಣ್ಣತಮ್ಮಂದಿರು ಬೇರೆಯಾದರೆ ಪಾಲಾಗುವುದು ಗದ್ದೆಯಲ್ಲ, ಹಳ್ಳ:
ದೊಡ್ಡವನಿಗೆ ಬುನಾ ಮರಗಳ ಕೆಳಗಿನದು,
ನಮ್ಮ ಯಾಸಾಬುರೋಗೆ ತೊಚಿಸಾವಾ,
ಕಡಿದು, ಕತ್ತಲೆ, ಜೂನ್‌ನಲ್ಲೂ ಬಂಡೆ ಸಂದಿಯಲ್ಲಿ ಹಿಮ.
ಮೊಟ್ಟೆಗೆಂದು ಅವು ಮೇಲಕ್ಕೆ ಹೊರಡುವ ಹತ್ತಿಪ್ಪತ್ತು ರಾತ್ರಿ
ಬಿದಿರ ಬುಟ್ಟಿ ಇಡುತ್ತಿದ್ದ,
ಒಳಗೆ ಬಾ ಅನ್ನುವ, ಹೋಗಿ ಬಾ ಅನ್ನದ ಬಾಯಿಯದು.

ಹೊಗೆಯ ಕೆಲಸ ನನ್ನದು.
ಬೆನ್ನು ನೆಟ್ಟಗಾಗುವಂತೆ ಒಂದೊಂದನ್ನೇ ಎಳೆದು,
ಕಡ್ಡಿಗೆ ಕುತ್ತಿಗೆ ಕೊಟ್ಟು, ಇಪ್ಪತ್ತಕ್ಕೊಂದು ಕಟ್ಟು.
ಬೆರಳ ತುದಿಗಳಲ್ಲಿ ಉಗುರಿವೆ, ಕಪ್ಪು, ಸಾಸಿವೆಗಿಂತ ಸಣ್ಣವು.
ಅವನ್ನು ಮಾತ್ರ ನೋಡದೆ ಕಟ್ಟುವುದು ಕಲಿಯಲು
ನನಗೆ ಎರಡು ಬೇಸಿಗೆ ಹಿಡಿಯಿತು.

ಮೂವತ್ತರಲ್ಲಿ ಅವನು ಅಣೆಕಟ್ಟಿನ ಸುರಂಗಕ್ಕೆ ಹೋದ.
ಏಳು ವರ್ಷ. ಹೊಲಿಗೆ ಯಂತ್ರ ತಂದ, ರೇಡಿಯೋ ತಂದ,
ಎದೆಯೊಳಗೆ ಕಲ್ಲಿನ ಹಿಟ್ಟು ತಂದ.
ಡಾಕ್ಟರು ಫಿಲ್ಮನ್ನು ಕಿಟಕಿಗೆ ಹಿಡಿದರು.
‘ನಮ್ಮೂರಿನ ಫೆಬ್ರುವರಿ ಇದ್ದ ಹಾಗಿದೆ’ ಅಂದ, ನಕ್ಕ, ಕೆಮ್ಮಿದ.
ದಮ್ಮಿಗೆ ಒಳ್ಳೆಯದು ಅಂತ ಊರೇ ಹೇಳಿತು;
ರಾತ್ರಿಗೆ ಎರಡು, ಕೆಂಡದಲ್ಲಿ ಕಾಯಿಸಿ, ಬಿಸಿ ಸಾಕೆಯಲ್ಲಿ ಅದ್ದಿ
ತಲೆಯಿಂದ ಬಾಲದವರೆಗೆ ತಿಂದ.

ಈಗ ನೀನು ಹೇಳುತ್ತಿದ್ದೀಯ
ಅದಕ್ಕೆ ಶ್ವಾಸಕೋಶವೇ ಇಲ್ಲ ಅಂತ.
ಚರ್ಮದಲ್ಲೇ ಉಸಿರು ಅಂತ.

ತಡಿ, ನಗು ಬರುತ್ತಿದೆ. ತಪ್ಪು ತಿಳಿಯಬೇಡ.
ಹೊಟ್ಟೆ ಸೀಳುವ ಪದ್ಧತಿ ನಮ್ಮಲ್ಲಿಲ್ಲ, ಇಡಿಯಾಗೇ ಒಣಗಿಸುವುದು,
ಒಳಗೇನಿದೆ ಏನಿಲ್ಲ ಯಾರು ಕಂಡರು.
ಬದುಕಿದ್ದರೆ ಅವನಿಗೆ ಹೇಳಬಹುದಿತ್ತು:
ನೀನು ಸಾಲ ಕೇಳಲು ಹೋದದ್ದು, ಮಾರಾಯ,
ಕೈ ಖಾಲಿ ಇದ್ದವನ ಮನೆಗೆ.

ತಗೋ, ಲೆಕ್ಕದ ಪುಸ್ತಕಗಳು.
ಔಷಧದ ಅಂಗಡಿಯವನಿಗೆಂದು ಬರೆದದ್ದು, ನಲವತ್ತೊಂದು ಬೇಸಿಗೆ.
ಯಾವ ಬುಟ್ಟಿ, ಎಷ್ಟು ತಲೆ, ನೀರು ಮೊಣಕಾಲಿಗೋ ತೊಡೆಗೋ.
ಇಲ್ಲಿ ಹತ್ತೊಂಬತ್ತು ಅಂತಿದೆ ನೋಡು, ಪಕ್ಕದಲ್ಲಿ
‘ಒಂದು ಬಸುರಿ, ಬಿಟ್ಟೆ’.
ಕಟ್ಟಿಗೆ ಒಂದು ಕಮ್ಮಿ ಅಂತ ಅಂಗಡಿಯವನು ದುಡ್ಡು ಹಿಡಿದ.
ಇವನು ಮರುವರ್ಷವೂ ಬಿಟ್ಟ.

ಒಂದು ಮಾತು, ಗ್ರಾಫು ಎಳೆಯುವ ಮೊದಲು.
ಕೊನೆಯ ಪುಸ್ತಕದಲ್ಲಿ ಸೊನ್ನೆಗಳಿವೆ.
ಹಳ್ಳ ಖಾಲಿಯಾಯಿತು ಅಂತ ಓದಬೇಡ.
ಮೊದಲ ಸೊನ್ನೆ: ಸೇತುವೆಯವರೆಗೆ ಹೋಗಿ ಕೂತುಬಿಟ್ಟ.
ಎರಡನೆಯದು: ಅಂಗಳ ದಾಟಲಿಲ್ಲ.
ಆಮೇಲಿನವು ಹಾಸಿಗೆಯಲ್ಲೇ ಬರೆದವು,
ಬುಟ್ಟಿ ಇಡದಿದ್ದರೂ ತಾರೀಖು ತಪ್ಪಿಸಲಿಲ್ಲ.
ಅವು ಬಂದಿರಬಹುದು, ಎಂದಿಗಿಂತ ಹೆಚ್ಚೇ ಬಂದಿರಬಹುದು.
ಎಣಿಸುವವನಿಗೆ ದಮ್ಮಿರಲಿಲ್ಲ.

ಹೋದ ಜೂನ್‌ನಲ್ಲಿ ನಾನೇ ಹತ್ತಿದೆ,
ಟಾರ್ಚು ಹಿಡಿದು, ಬುಟ್ಟಿಯಿಲ್ಲದೆ.
ನೀರಿಗೆ ಕೈ ಇಟ್ಟೆ. ಬೆರಳು ಮರಗಟ್ಟಿದ ಎಷ್ಟೋ ಹೊತ್ತಿಗೆ
ಒಂದು ಬಂತು, ಅಂಗೈ ಮೇಲೇ ಹಾದುಹೋಯಿತು.
ಆ ಉಗುರುಗಳು.
ನೋಡಿದೆ, ಈ ಸಲ.

ಅದನ್ನು ಪುಸ್ತಕಕ್ಕೆ ಹಾಕಿಲ್ಲ. ಬೇಕಿದ್ದರೆ
ನಿನ್ನದರಲ್ಲಿ ಬರೆದುಕೋ:
ಒಂದು. ನೀರು ಮೊಣಕಾಲಿಗೆ.